ಮುತ್ತತ್ತಿಯ ಹೊಳೆಯಲ್ಲಿ ಗಾಳವೂ ಬಲೆಯೂ

ಹಲಗೂರು ದಾಟಿ ಕಾಡುದಾರಿ ಹಿಡಿದರೆ, ಇಳಿಜಾರು ಮುಗಿಯುವಲ್ಲಿ ಕಾವೇರಿ. ಇಲ್ಲಿಯ ಹನುಮಂತ ಮುತ್ತತ್ತಿರಾಯನಿಗೆ ಕೈಮುಗಿದವರೆಲ್ಲ ನೇರ ಹೊಳೆಗೆ ಇಳಿಯುತ್ತಾರೆ. ಸೀತಮ್ಮನ ಮೂಗುತಿ ಬಿದ್ದದ್ದು ಇಲ್ಲೇ, ಹನುಮಂತ ಬಾಲದಿಂದ ನೀರು ಕಲಕಿ ತೆಗೆದುಕೊಟ್ಟದ್ದೂ ಇಲ್ಲೇ ಎಂಬ ನಂಬಿಕೆ. ಮೇಲೆ ತಣ್ಣಗೆ ಕಾಣುವ ನೀರಿನೊಳಗೆ ಸುಳಿಗಳಿವೆ; ಈಜು ಬಲ್ಲವರನ್ನೂ ಎಳೆದುಕೊಂಡಿವೆ. ದಯವಿಟ್ಟು ಆಳಕ್ಕೆ ಹೋಗಬೇಡಿ.

ಗುಡಿಯ ಗದ್ದಲ ಬಿಟ್ಟು ಹೊಳೆಮತ್ತಿಯ ನೆರಳಲ್ಲಿ ದಡದ ಗುಂಟ ನಡೆಯಿರಿ. ಎದುರಿನ ದಡ 1956ರವರೆಗೆ ಬೇರೆ ಸೀಮೆ. ಈ ಕಡೆ ಮೈಸೂರು ಸಂಸ್ಥಾನ, ಆ ಕಡೆ ಮದರಾಸಿನ ಕೊಯಮತ್ತೂರು ಜಿಲ್ಲೆಗೆ ಸೇರಿದ್ದ ಕೊಳ್ಳೇಗಾಲ. ಆ ದಡಕ್ಕೆ ಅನ್ವಯಿಸುತ್ತಿದ್ದ ಬ್ರಿಟಿಷ್ ಇಂಡಿಯಾದ 1897ರ ಮೀನುಗಾರಿಕೆ ಕಾಯ್ದೆ ನೀರಿಗೆ ಮದ್ದು ಸಿಡಿಸುವುದನ್ನು, ವಿಷ ಬೆರೆಸುವುದನ್ನು ನಿಷೇಧಿಸಿತು. ಅದು ಸರಿಯೇ. ಆದರೆ ಅದೇ ಕಾಯ್ದೆ ಬಲೆಯ ಬಗೆ, ಕಣ್ಣಳತೆಗಳಿಗೂ ಕಡಿವಾಣ ಹಾಕುವ ಅಧಿಕಾರವನ್ನು ಸರ್ಕಾರಗಳಿಗೆ ಕೊಟ್ಟಿತು. ದೊರೆಗಳ ಗಾಳದ ಕೋಲು ಅಷ್ಟರಲ್ಲಿ ಘನತೆಯ ಆಟವಾಗಿತ್ತು. ಮದರಾಸು ಸಿವಿಲ್ ಸೇವೆಯ ಎಚ್. ಎಸ್. ಥಾಮಸ್ 1873ರಲ್ಲೇ ಅದಕ್ಕೆಂದು 'ದಿ ರಾಡ್ ಇನ್ ಇಂಡಿಯಾ' ಬರೆದಿದ್ದರು. ಬಿಳಿಯರ ಕೈಯಲ್ಲಿ ಕ್ರೀಡೆ, ಬೆಸ್ತರ ಕೈಯಲ್ಲಿ ಅಪರಾಧ. ಹೊಳೆ ಒಂದೇ, ಮೀನೂ ಒಂದೇ.

ಆ ಮೀನು ಈ ಕಡೆಯವರ ಬಿಳಿಮೀನು, ಬೆನ್ನುಬ್ಬಿದ ಮಹಶೀರ್. ಮೈಸೂರಿನ ವ್ಯಾನ್ ಇಂಗೆನ್ ಮನೆತನದವರೊಬ್ಬರು 1946ರಲ್ಲಿ ಕಾವೇರಿ ಜಲಾನಯನದಲ್ಲಿ ಹಿಡಿದದ್ದು 120 ಪೌಂಡ್ ತೂಗಿತು. 1970ರ ದಶಕದ ಕೊನೆಗೆ ಇಂಗ್ಲೆಂಡಿನ ಯುವಕರ ತಂಡವೊಂದು ಕಾವೇರಿಗೆ ಬಂದು ಹೋದ ಮೇಲೆ ಪಕ್ಕದ ಭೀಮೇಶ್ವರಿಯ ಗಾಳದ ಶಿಬಿರ ಲೋಕಪ್ರಸಿದ್ಧವಾಯಿತು. ಅಲ್ಲಿ ಹೊರಗಿನಿಂದ ಬಂದದ್ದು ಕೋಲು, ರೀಲು, ದುಡ್ಡು. ಗಾಳಕ್ಕೆ ಸಿಕ್ಕಿಸಿದ ರಾಗಿಹಿಟ್ಟಿನ ಉಂಡೆ ಇಲ್ಲಿಯದು. ಯಾವ ಬಂಡೆಯ ಮರೆಯಲ್ಲಿ ಮೀನು ನಿಲ್ಲುತ್ತದೆಂಬ ಅರಿವು ಇಲ್ಲಿಯದು. ಗಾಳ ಕಚ್ಚಿ ಓಡಿದ ಮೀನಿನ ಹಿಂದೆ ಸುಳಿ ತಪ್ಪಿಸಿ ತೆಪ್ಪ ಹಾಯಿಸುತ್ತಿದ್ದ ಕೈಯೂ ಇಲ್ಲಿಯದೇ. ದಾಖಲೆಯಲ್ಲಿ ತೂಕದ ಪಕ್ಕ ನಿಲ್ಲುವುದು ಮಾತ್ರ ಕೋಲು ಹಿಡಿದವರ ಹೆಸರು.

1987ರಲ್ಲಿ ಈ ಕಾಡು ಕಾವೇರಿ ವನ್ಯಜೀವಿಧಾಮವಾಯಿತು. ಸುಮಾರು 2010ರ ನಂತರ ಶಿಬಿರದ ಗಾಳವೂ ನಿಂತಿತು. ಬಿಳಿಮೀನು ಈಗ ಅಳಿವಿನ ಅಂಚಿನಲ್ಲಿದೆ; ಅಣೆಕಟ್ಟು, ಮರಳು ಲೂಟಿ, ಸಿಡಿಮದ್ದುಗಳ ಜೊತೆಗೆ, ಹೊಳೆಗೆ ತಂದು ಬಿಟ್ಟ ನೀಲಿರೆಕ್ಕೆಯ ಮಹಶೀರ್ ಕೂಡ ಅದಕ್ಕೆ ಕಾರಣ. ಅದನ್ನು ಉಳಿಸಲೇಬೇಕು, ಅದರಲ್ಲಿ ಎರಡು ಮಾತಿಲ್ಲ. ಆದರೆ ನೂರು ವರ್ಷ ಅದರ ಜಾಡು ಹೇಳಿಕೊಟ್ಟವರನ್ನು ದಡದಿಂದಾಚೆ ನಿಲ್ಲಿಸಿ ಉಳಿಸುವ ಬಗೆ ನನಗೆ ಒಪ್ಪಿಗೆಯಿಲ್ಲ.

2006ರ ಅರಣ್ಯ ಹಕ್ಕು ಕಾಯ್ದೆ ಕಾಡುವಾಸಿಗಳಿಗೆ ನೀರಿನ ಮೀನಿನ ಮೇಲೂ ಹಕ್ಕಿದೆ ಎನ್ನುತ್ತದೆ. ಈ ಕಾಡಂಚಿನ ಇರುಳಿಗರು ಪರಿಶಿಷ್ಟ ಪಂಗಡದವರು. ಆದರೆ ಆ ಪಟ್ಟಿಯಲ್ಲಿಲ್ಲದ ತೆಪ್ಪದ ಮನೆಯವರು ಮೂರು ತಲೆಮಾರು, ಅಂದರೆ 75 ವರ್ಷ, ಇಲ್ಲೇ ಬದುಕಿದ್ದಕ್ಕೆ ಪುರಾವೆ ಕೊಡಬೇಕು. ಕಾಗದವೆಲ್ಲ ದೊರೆಗಳ ಕಡೆ ಉಳಿದಿರುವಾಗ ಎಲ್ಲಿಂದ ತರುವುದು? ಕಾಯ್ದೆಯ ನಿಯಮದಲ್ಲಿ ಒಂದು ದಾರಿಯಿದೆ: ಊರಿನ ಹಿರಿಯರ ಹೇಳಿಕೆಯನ್ನು ಬರೆದುಕೊಂಡರೆ ಅದೂ ಪುರಾವೆಯೇ. ತೆಪ್ಪ ಹಾಯಿಸಿದ ಅಜ್ಜಂದಿರು ಬದುಕಿರುವಾಗಲೇ ಗ್ರಾಮಸಭೆ ಕರೆದು ಅದನ್ನು ಬರೆಸಿಕೊಳ್ಳಬೇಕು.