ಬದುವಿನ ತಕರಾರಿಗೆ ಅಳತೆಯೇ ಸಾಕ್ಷಿ

ವರ್ಷಕ್ಕೊಂದು ಸಾಲಿನಂತೆ ನೇಗಿಲು ಬದುವನ್ನು ಕೊರೆಯುತ್ತಿದ್ದರೆ ಯಾರ ಗಮನಕ್ಕೂ ಬಾರದು. ಆದರೆ 330 ಅಡಿ ಉದ್ದದ ಬದು 3.3 ಅಡಿ ಸರಿದರೆ 1,089 ಚದರಡಿ, ಎಂದರೆ ಒಂದು ಗುಂಟೆ ಹೋದಂತೆ. ಒಡಹುಟ್ಟಿದವರಲ್ಲಿಯೂ ಮಾತು ನಿಲ್ಲುವುದು ಇಲ್ಲಿಯೇ.

ಪಹಣಿ ಹಿಡಿದು ವಾದಿಸುವವರೇ ಹೆಚ್ಚು. ಪಹಣಿ ಹೇಳುವುದು ವಿಸ್ತೀರ್ಣವನ್ನು. ಗಡಿಯನ್ನು ತೋರುವುದು ಸರ್ವೆ ಇಲಾಖೆಯ ಟಿಪ್ಪಣಿ ಹಾಗೂ ನಕ್ಷೆ. ಆದುದರಿಂದ ಹದ್ದುಬಸ್ತಿಗೆ ಅರ್ಜಿ ಸಲ್ಲಿಸುವುದೇ ಲೇಸೆಂದು ನಾವು ಭಾವಿಸುತ್ತೇವೆ. ಭೂಮಾಪಕರು ಅಕ್ಕಪಕ್ಕದ ಹಿಡುವಳಿದಾರರಿಗೆ ನೋಟೀಸು ಕೊಟ್ಟು ಅಳೆಯುತ್ತಾರೆ. ಆಗ ಮುನಿಸಿಕೊಂಡು ಮನೆಯಲ್ಲಿ ಕುಳಿತರೆ ನಷ್ಟ ಕುಳಿತವರದೇ!

ಗುರುತು ಹಾಕಿದ ಮೇಲೂ ನೆರೆಯವರು ಒತ್ತುವರಿ ಬಿಡದಿದ್ದರೆ ಸಿವಿಲ್ ನ್ಯಾಯಾಲಯದ ದಾರಿಯಿದೆ. ದಾಕ್ಷಿಣ್ಯಕ್ಕಾಗಿ ಮೌನವಾಗಿರುವ ಹಿರಿಯರು ಒಂದನ್ನು ನೆನಪಿಡಬೇಕು: ಪರರು ತಮ್ಮದೆಂದೇ ಬಹಿರಂಗವಾಗಿ ಅನುಭವಿಸುತ್ತಿರುವ ಜಮೀನನ್ನು ಮರಳಿ ಪಡೆಯುವ ದಾವೆಗೆ 1963ರ ಕಾಲಮಿತಿ ಅಧಿನಿಯಮವು ಸಾಮಾನ್ಯವಾಗಿ ಕೊಡುವ ಅವಧಿ 12 ವರ್ಷ ಮಾತ್ರ.