ಕೂತಲ್ಲೇ ಕಾಡು ಸುತ್ತಿ!

ಮನೆಯವರನ್ನು ಆಫೀಸಿಗೆ, ಮಕ್ಕಳನ್ನು ಸ್ಕೂಲಿಗೆ ಕಳಿಸಿ ಟಿವಿ ಹಾಕಿದರೆ ಅದೇ ಸೀರಿಯಲ್ಲು, ಅದೇ ಅತ್ತೆ-ಸೊಸೆ ಜಗಳ. ಬೋರಾಗಿಲ್ಲವೇ? ಹಾಗಾದರೆ ಕಾಡು-ಮೇಡು ಸುತ್ತಿಸುವ ಸಾಕ್ಷ್ಯಚಿತ್ರ ನೋಡಿ. ಆದರೆ ಜಾಗ ನೋಡಿ ಆರಿಸಬೇಡಿ, ಕರೆದುಕೊಂಡು ಹೋಗುವವರನ್ನು ನೋಡಿ ಆರಿಸಿ.

ಬಿಬಿಸಿಯ ಡೇವಿಡ್ ಅಟೆನ್‌ಬರೋ ಅವರನ್ನೇ ತೆಗೆದುಕೊಳ್ಳಿ. 1979ರ ‘ಲೈಫ್ ಆನ್ ಅರ್ತ್’ ಸರಣಿಯಲ್ಲಿ ರುವಾಂಡಾದ ಗೊರಿಲ್ಲಾಗಳ ನಡುವೆ ಕೂತು ಪಿಸುಮಾತಿನಲ್ಲೇ ವಿವರಿಸುತ್ತಾರೆ. ಕೂಗಾಟವಿಲ್ಲ, ಪೋಸು ಕೊಡುವುದಿಲ್ಲ. ಪ್ರಾಣಿ ಮುಂದೆ, ತಾವು ಹಿಂದೆ. ಒಳ್ಳೆಯ ಗೈಡ್ ಅಂದರೆ ಹೀಗಿರಬೇಕು.

ನಮ್ಮ ಕಾಡುಗಳನ್ನೇ ತೋರಿಸುವ, 2020ರಲ್ಲಿ ತೆರೆಕಂಡ ‘ವೈಲ್ಡ್ ಕರ್ನಾಟಕ’ದ ಇಂಗ್ಲಿಷ್ ನಿರೂಪಣೆಯೂ ಅವರದೇ. ಕನ್ನಡದಲ್ಲಿ ರಿಷಬ್ ಶೆಟ್ಟಿ ದನಿ ಕೊಟ್ಟಿದ್ದಾರೆ. ಅತ್ತೆ-ಮಾವನವರೂ ಕೂತು ನೋಡಬಹುದು.

ಭಾನುವಾರ ಮಕ್ಕಳನ್ನೂ ಪಕ್ಕದಲ್ಲಿ ಕೂರಿಸಿಕೊಳ್ಳಿ. ‘ಈಗ ಅದು ಏನು ಮಾಡುತ್ತೆ ಹೇಳು?’ ಅಂತ ನಡುನಡುವೆ ಕೇಳಿ. ಮುಂದೆ ಬಂಡೀಪುರಕ್ಕೋ ನಾಗರಹೊಳೆಗೋ ಹೋದಾಗ ಇದರ ಫಲ ಗೊತ್ತಾಗುತ್ತದೆ. ಹುಲಿ ಕಾಣದಿದ್ದರೂ ಮಗು ಮುಖ ಸಪ್ಪಗೆ ಮಾಡುವುದಿಲ್ಲ. ಜಿಂಕೆ ಯಾಕೆ ಕಿವಿ ನಿಮಿರಿಸಿತು ಅಂತ ಸದ್ದು ಮಾಡದೆ ನೋಡುತ್ತದೆ. ದುಡ್ಡು ಕೊಟ್ಟು ಹೋದ ಸಫಾರಿ ಸಾರ್ಥಕವಾಗೋದು ಆಗಲೇ, ಅಲ್ವೇ?