ಬೆಳಗುವ ಹಾಲ್ಗಡಲು

ಕ್ಷೀರಸಾಗರದ ಹೆಸರನ್ನು ಕೇಳದ ಮನೆಯು ನಮ್ಮಲ್ಲಿಲ್ಲ. ಉಪ್ಪು, ಕಬ್ಬಿನ ರಸ, ಸುರೆ, ತುಪ್ಪ, ಮೊಸರು, ಹಾಲು, ಸಿಹಿನೀರು ಎಂಬುದಾಗಿ ಸಪ್ತಸಾಗರಗಳನ್ನೆಣಿಸಿ, ಹಾಲಿನ ಕಡಲಲ್ಲಿ ಶ್ರೀಹರಿಯು ಶೇಷಶಾಯಿಯಾಗಿರುವನೆಂದು ಹಿರಿಯರು ಮಕ್ಕಳಿಗೆ ಹೇಳುತ್ತ ಬಂದಿರುವರು. ಬೆಳ್ಳಗೆ ಬೆಳಗುವ ಇಂತಹ ಕಡಲು ಕವಿಕಲ್ಪನೆಯಲ್ಲಲ್ಲದೆ ಬೇರೆಲ್ಲಿಯೂ ಇರಲಾರದೆಂದು ನಾವು ಭಾವಿಸುವುದು ಸಹಜವೇ. ಆದರೆ ಹಿಂದೂ ಮಹಾಸಾಗರದಲ್ಲಿ ಸಂಚರಿಸಿದ ನಾವಿಕರು, ಕತ್ತಲಿರುಳಿನಲ್ಲಿ ದಿಗಂತದವರೆಗೂ ಹಾಲಿನಂತೆ ಬೆಳಗುವ ನೀರನ್ನು ಕಂಡೆವೆಂದು ಬಹುಕಾಲದಿಂದ ಹೇಳುತ್ತಿರುವರು. ಪುರಾಣದ ಹಾಲ್ಗಡಲು ಈ ನೋಟದಿಂದಲೇ ಹುಟ್ಟಿತೆನ್ನಲು ಆಧಾರವಿಲ್ಲ. ಆದರೆ ನಾವಿಕರ ಮಾತು ದಿಟವಾಯಿತು; ಆ ವೃತ್ತಾಂತವೇ ಸ್ವಾರಸ್ಯವಾದುದು.

ಫ್ರಾನ್ಸ್ ದೇಶದ ಕಾದಂಬರಿಕಾರನಾದ ಜೂಲ್ಸ್ ವರ್ನ್ ಎಂಬಾತನು 1869-70ರಲ್ಲಿ ಸಮುದ್ರಗರ್ಭದ ಯಾತ್ರೆಯನ್ನು ಕುರಿತು ಬರೆದ ಕಥೆಯು ಜಗತ್ಪ್ರಸಿದ್ಧವಾಗಿದೆ. ಅದರಲ್ಲಿ ‘ನಾಟಿಲಸ್’ ಎಂಬ ಜಲಾಂತರ್ಗಾಮಿಯು ಬಂಗಾಳ ಕೊಲ್ಲಿಯನ್ನು ಪ್ರವೇಶಿಸಿದಾಗ ಸುತ್ತಲಿನ ನೀರೆಲ್ಲ ಹಾಲಿನ ಬಣ್ಣವನ್ನು ತಾಳುತ್ತದೆ. ಸೇವಕನು ಕಾರಣವನ್ನು ಕೇಳಲು, ಪಂಡಿತನಾದ ಯಜಮಾನನು, ಇದು ಅಸಂಖ್ಯಾತವಾದ ಅತಿಸೂಕ್ಷ್ಮ ಪ್ರಾಣಿಗಳ ಬೆಳಕೆಂದು ವಿವರಿಸುತ್ತಾನೆ. ಆ ನೌಕೆಯು ಕಲ್ಪನೆಯದು. ಕಡಲು ಮಾತ್ರ ನಾವಿಕರ ಬಾಯಿಂದ ಬಂದುದು. ಆದರೆ ಓದುವವರಿಗೆ ಎರಡೂ ಒಂದೇ ತೆರನಾಗಿ ಕಂಡಿದ್ದರೆ ಸೋಜಿಗವೇನು?

ಇಲ್ಲಿ ಒಂದು ಭೇದವನ್ನು ವಾಚಕರು ಗಮನಿಸಬೇಕು. ನಮ್ಮ ಕರಾವಳಿಯಲ್ಲಿಯೂ ಒಮ್ಮೊಮ್ಮೆ ಇರುಳಿನಲ್ಲಿ ಅಲೆಗಳು ನೀಲಿಯಾಗಿ ಮಿನುಗುವುದುಂಟು. 2020ರ ನವೆಂಬರಿನಲ್ಲಿ ಇದನ್ನು ನೋಡಲು ಉಡುಪಿಯ ಕಡಲತೀರಗಳಿಗೆ ಜನರು ಹೋಗಿದ್ದರು. ನಾಕ್ಟಿಲುಕ ಮೊದಲಾದ ಸೂಕ್ಷ್ಮಜೀವಿಗಳು, ಅಲೆಯೋ ಮೀನೋ ಹುಟ್ಟೋ ತಾಗಿ ನೀರು ಕಲಕಿದಾಗ, ಫಕ್ಕನೆ ಮಿಂಚಿ ಆರಿಹೋಗುತ್ತವೆ. ಹಾಲ್ಗಡಲಿನ ಬೆಳಕಾದರೋ ಹಾಗಲ್ಲ. ಅದು ಮಿನುಗದು, ಆರದು. ಶಾಂತವಾಗಿ ಇರುಳೆಲ್ಲ ಒಂದೇ ಸಮನೆ ಬೆಳಗುವುದು.

ಇದು ಬಹು ವಿರಳ. ಕಂಡರೂ ದಡದಿಂದ ಅತಿ ದೂರದಲ್ಲಿ, ಹಡಗಿನವರ ಕಣ್ಣಿಗೆ ಮಾತ್ರ. ಆದುದರಿಂದ ಪಂಡಿತರಿಗೆ ಇದನ್ನು ಪರೀಕ್ಷಿಸುವ ಅವಕಾಶವೇ ದೊರೆಯುತ್ತಿರಲಿಲ್ಲ. 1985ರಲ್ಲಿ ಅಮೆರಿಕದ ಸಂಶೋಧಕರ ನೌಕೆಯೊಂದು ಅರಬ್ಬೀ ಸಮುದ್ರದ ಸೊಕೋತ್ರ ದ್ವೀಪದ ಬಳಿ ಇಂತಹ ನೀರನ್ನು ಹಾಯ್ದಿತು. ಆ ನೀರಿನಲ್ಲಿ ಪಾಚಿಯ ಮೇಲೆ ಬೆಳೆದ ‘ವಿಬ್ರಿಯೋ ಹಾರ್ವೆಯಿ’ ಎಂಬ ಬೆಳಗುವ ಬ್ಯಾಕ್ಟೀರಿಯಗಳು ಕಂಡುಬಂದವು.

ತರುವಾಯ 1995ರ ಜನವರಿ 25ರ ರಾತ್ರಿ, ‘ಲೀಮಾ’ ಎಂಬ ಬ್ರಿಟಿಷ್ ಹಡಗು ಸೊಮಾಲಿಯದ ಪೂರ್ವದಲ್ಲಿ ಸಾಗುತ್ತಿರುವಾಗ ದಿಗಂತದಲ್ಲಿ ಬಿಳಿಯ ಕಾಂತಿಯನ್ನು ಕಂಡು, ಅದನ್ನು ಪ್ರವೇಶಿಸಿ, ದಾಟಲು ಸುಮಾರು ಆರು ಗಂಟೆಗಳನ್ನು ತೆಗೆದುಕೊಂಡಿತು. ಅಲ್ಲಿನ ಅಧಿಕಾರಿಗಳು ದಿನಚರಿಯಲ್ಲಿ ಹೊತ್ತು ಸ್ಥಳಗಳನ್ನು ಗುರುತುಮಾಡಿಟ್ಟರು. ಸ್ಟೀವನ್ ಮಿಲ್ಲರ್ ಎಂಬ ವಿಜ್ಞಾನಿಯೂ ಅವರ ಸಂಗಡಿಗರೂ ಆ ದಿನಚರಿಯನ್ನು ಹಿಡಿದು, ಅದೇ ರಾತ್ರಿ ಕೃತಕ ಉಪಗ್ರಹವು ತೆಗೆದಿದ್ದ ಚಿತ್ರಗಳನ್ನು ಶೋಧಿಸಲು, ಹಡಗಿನವರು ಹೇಳಿದ ಎಡೆಯಲ್ಲಿಯೇ ಬೆಳಕಿನ ಮಚ್ಚೆಯೊಂದು ತೋರಿತು! ಒಂದರ ಮೇಲೊಂದರಂತೆ ಮೂರು ಇರುಳು ಅದು ಕಂಡುಬಂದಿತ್ತು. ಅದರ ವಿಸ್ತಾರವು 15,400 ಚದರ ಕಿಲೋಮೀಟರು, ಎಂದರೆ ನಮ್ಮ ಬೆಳಗಾವಿ ಜಿಲ್ಲೆಗಿಂತಲೂ ಹೆಚ್ಚು. ಇದು 2005ರಲ್ಲಿ ಪ್ರಕಟವಾಯಿತು. ದಿನಚರಿಯ ಆ ಕೆಲವು ಸಾಲುಗಳಿಲ್ಲದಿದ್ದಲ್ಲಿ ಆ ಚಿತ್ರಗಳನ್ನು ಹುಡುಕುವವರಾರು?

2019ರಲ್ಲಿ ಜಾವಾ ದ್ವೀಪದ ದಕ್ಷಿಣಕ್ಕೆ ಇನ್ನೂ ದೊಡ್ಡದಾದ ಹಾಲ್ಗಡಲು ಉಪಗ್ರಹಕ್ಕೆ ಗೋಚರವಾಯಿತು. ಅದು 1,00,000 ಚದರ ಕಿಲೋಮೀಟರಿಗೂ ಮಿಗಿಲಾಗಿ, ಅರ್ಧ ಕರ್ನಾಟಕವನ್ನು ಮೀರಿದ್ದು, ಆರು ವಾರಗಳಿಗೂ ಹೆಚ್ಚುಕಾಲ ಬೆಳಗಿತು. ಆಗ ಅದರ ಮೇಲೆ ಹಾಯ್ದ ಹಾಯಿನೌಕೆಯೊಂದರ ಹೆಸರು ‘ಗಣೇಶ’! ಅದರವರು ಬಕೆಟ್ಟಿನಲ್ಲಿ ನೀರನ್ನೆತ್ತಿ ನೋಡಲು, ಚುಕ್ಕೆಚುಕ್ಕೆಯಾಗಿ ಬೆಳಕು ಕಂಡಿತು; ಕಲಕಿದಾಗ ಅದು ಆರಿತು. ನಮ್ಮ ತೀರದ ಮಿನುಗಿಗೆ ಇದು ತೀರ ವಿರುದ್ಧವಷ್ಟೆ. ಅವರು ತೆಗೆದ ಚಿತ್ರಗಳೂ ಹೇಳಿಕೆಯೂ 2022ರಲ್ಲಿ ಪ್ರಕಟವಾಗಿ ಉಪಗ್ರಹದ ಸಾಕ್ಷ್ಯವನ್ನು ದೃಢಪಡಿಸಿದವು.

ಇಂತಹ ಬೆಳಕು ಹೇಗೆ ಹೊತ್ತಿಕೊಳ್ಳುವುದು? ಒಂಟಿಯಾದ ಬ್ಯಾಕ್ಟೀರಿಯವು ಬೆಳಗಿ ಪ್ರಯೋಜನವಿಲ್ಲ. ಪ್ರತಿಯೊಂದೂ ಒಂದು ಬಗೆಯ ರಾಸಾಯನಿಕ ದ್ರವ್ಯವನ್ನು ನೀರಿಗೆ ಬಿಡುವುದು. ಸಂಖ್ಯೆಯು ಬೆಳೆದಂತೆ ಆ ದ್ರವ್ಯವೂ ಸಾಂದ್ರವಾಗಿ, ಒಂದು ಮಿತಿಯನ್ನು ಮುಟ್ಟಿದೊಡನೆ ಎಲ್ಲವೂ ಕೂಡಿ ಬೆಳಗತೊಡಗುವುವು. ಬೆಳಕಿಗೆ ಮರುಳಾಗಿ ಬರುವ ಮೀನಿನ ಹೊಟ್ಟೆಯನ್ನು ಸೇರಿ ಅಲ್ಲಿ ಸುಖವಾಗಿ ಬಾಳುವುದೇ ಇವುಗಳ ಉದ್ದೇಶವಿರಬೇಕೆಂದು ವಿಜ್ಞಾನಿಗಳ ಊಹೆ. ಇದರಲ್ಲಿ ಸುಡುವ ಉರಿಯಿಲ್ಲ. ಮಿಂಚುಹುಳುವಿನ ಬೆಳಕಿನಂತೆ ಇದೂ ತಂಪಾದುದು.

ಜೂಲ್ಸ್ ವರ್ನ್‌ನ ಪಂಡಿತನು ಸೂಕ್ಷ್ಮಜೀವಿಗಳೆಂದುದು ಸರಿ. ಅವು ಪ್ರಾಣಿಗಳೆಂದುದು ಮಾತ್ರ ತಪ್ಪು. ಆದರೆ ಈ ಕಡಲಿನ ವಾರ್ತೆಯನ್ನು ಪಂಡಿತರಿಗೂ ಕಥೆಗಾರರಿಗೂ ಮೊದಲು ತಂದವರು, ಇರುಳೆಲ್ಲ ಎಚ್ಚತ್ತು ಹಡಗಿನ ಕಾವಲು ಕಾದವರು. ಕಂಡುದನ್ನು ಕಂಡಂತೆ, ದಿನ ಹೊತ್ತು ಸ್ಥಳಗಳ ಸಮೇತ ಬರೆದಿಟ್ಟವನ ಮಾತಿಗೆ ಎಂದಾದರೊಂದು ದಿನ ಸಾಕ್ಷಿಯು ದೊರೆಯದಿರದು. ‘ಲೀಮಾ’ದವರ ಮಾತಿಗೆ ಆ ಸಾಕ್ಷಿಯು ಆಕಾಶದಿಂದಲೇ ಬಂದಿತು.